ಅನಿಮೇಷನ್ ನಿರ್ದೇಶಕರಾಗಬೇಕೆ? ಮೊದಲು ಚಿತ್ರದಲ್ಲಿ ಕಥೆ ಹೇಳಲು ಕಲಿಯಿರಿ

2025ರ ಮಾರ್ಚ್‌ನಲ್ಲಿ ಅತ್ಯುತ್ತಮ ಅನಿಮೇಷನ್ ಚಿತ್ರಕ್ಕೆ ಸಲ್ಲುವ ಆಸ್ಕರ್ ಪ್ರಶಸ್ತಿಯನ್ನು ‘ಫ್ಲೋ’ ಗೆದ್ದಿತು. ಎದುರಿಗಿದ್ದದ್ದು ಪಿಕ್ಸಾರ್‌ನ ‘ಇನ್‌ಸೈಡ್ ಔಟ್ 2’, ಡ್ರೀಮ್‌ವರ್ಕ್ಸ್‌ನ ‘ದಿ ವೈಲ್ಡ್ ರೋಬಾಟ್’ನಂಥ ಭಾರೀ ಬಂಡವಾಳದ ಚಿತ್ರಗಳು. ಗೆದ್ದವರು ಲಾಟ್ವಿಯಾ ದೇಶದ ಗಿಂಟ್ಸ್ ಜಿಲ್ಬಲೋಡಿಸ್. ಆಗ ಅವರಿಗೆ 30 ವರ್ಷ. ಪ್ರವಾಹದಲ್ಲಿ ನೆಲವೆಲ್ಲ ಮುಳುಗಿದ ಮೇಲೆ ಒಂದು ಬೆಕ್ಕು ಬೇರೆ ಪ್ರಾಣಿಗಳ ಜೊತೆ ದೋಣಿಯಲ್ಲಿ ಬದುಕುಳಿಯುವ ಕಥೆ ಅದು. 85 ನಿಮಿಷದಲ್ಲಿ ಒಂದೇ ಒಂದು ಮಾತೂ ಇಲ್ಲ. ಮಾಡಿದ್ದು ‘ಬ್ಲೆಂಡರ್’ ಎಂಬ, ಯಾರು ಬೇಕಾದರೂ ಪುಕ್ಕಟೆ ಇಳಿಸಿಕೊಳ್ಳಬಹುದಾದ ಸಾಫ್ಟ್‌ವೇರ್‌ನಲ್ಲಿ.

ಆಗ ಎಲ್ಲರ ಬಾಯಲ್ಲೂ ಬ್ಲೆಂಡರ್ ಮಾತೇ. ಅನಿಮೇಷನ್ ಕಲಿಯಲು ಹೊರಟ ನಮ್ಮ ಹುಡುಗ ಹುಡುಗಿಯರು ಗಮನಿಸಬೇಕಾದದ್ದು ಮಾತ್ರ ಬೇರೆ. ಜಿಲ್ಬಲೋಡಿಸ್ ಇದಕ್ಕೂ ಮೊದಲು 2019ರಲ್ಲಿ ‘ಅವೇ’ ಎಂಬ 75 ನಿಮಿಷದ ಚಿತ್ರವನ್ನು ಕಥೆ, ಚಿತ್ರ, ಚಲನೆ, ಸಂಗೀತ, ಸಂಕಲನ ಎಲ್ಲವನ್ನೂ ಒಬ್ಬರೇ ನಿಭಾಯಿಸಿ ಮಾಡಿದ್ದರು. ಅದಕ್ಕೆ ಮೂರೂವರೆ ವರ್ಷ ಹಿಡಿಯಿತು. ಅದಕ್ಕೂ ಹಿಂದೆ ಕೆಲವು ಕಿರುಚಿತ್ರಗಳಿದ್ದವು. 2012ರಲ್ಲಿ ಮಾಡಿದ ‘ಆಕ್ವಾ’ದ ನಾಯಕ ನೀರಿಗೆ ಹೆದರುವ ಒಂದು ಬೆಕ್ಕು. ಅಂದರೆ ಆಸ್ಕರ್ ಗೆದ್ದ ಕಥೆಯ ಬೀಜ ಹದಿಹರೆಯದಲ್ಲೇ ಬಿದ್ದಿತ್ತು. ಸಾಫ್ಟ್‌ವೇರ್ ನಡುವೆ ಬದಲಾಯಿತು, ಕಥೆ ಹೇಳುವ ಅಭ್ಯಾಸ ತಪ್ಪಲಿಲ್ಲ.

ಈ ಲೇಖನದಲ್ಲಿ ನಾನು ಒತ್ತಿ ಹೇಳಬೇಕಾದ್ದು ಅದೇ. ನಮ್ಮಲ್ಲಿ ಅನಿಮೇಷನ್ ಎಂದರೆ ಕಂಪ್ಯೂಟರ್ ಕೋರ್ಸ್ ಎಂಬ ತಿಳಿವಳಿಕೆ ಬೇರೂರಿದೆ. ಪಿಯುಸಿ ಮುಗಿಸಿದ ಮಕ್ಕಳನ್ನು ಕರೆದುಕೊಂಡು ಬರುವ ತಂದೆತಾಯಿಗಳು ಮೊದಲು ಕೇಳುವುದೇ ‘ಯಾವ ಸಾಫ್ಟ್‌ವೇರ್ ಕಲಿಸುತ್ತೀರಿ?’ ಎಂದು. ಸ್ಟುಡಿಯೊದಲ್ಲಿ ಕೆಲಸ ಸಿಗಲು ಸಾಫ್ಟ್‌ವೇರ್ ಬೇಕು, ನಿಜ. ಆದರೆ ಸ್ವಂತ ಕಥೆ ಬರೆದು ನಿರ್ದೇಶಿಸುವ ಕನಸಿದ್ದರೆ ಕಲಿಕೆಯ ಕ್ರಮವನ್ನೇ ತಿರುಗಿಸಬೇಕು: ಮೊದಲು ಕಥೆ, ಆಮೇಲೆ ಸ್ಟೋರಿಬೋರ್ಡ್, ಕೊನೆಯಲ್ಲಿ ಯಂತ್ರ.

ಶೂಟಿಂಗ್‌ಗಿಂತ ಮೊದಲೇ ಎಡಿಟಿಂಗ್

ನಟನಟಿಯರ ಸಿನಿಮಾದಲ್ಲಿ ನಿರ್ದೇಶಕ ಒಂದೇ ದೃಶ್ಯವನ್ನು ಹತ್ತು ಕೋನಗಳಿಂದ ತೆಗೆದು, ಎಡಿಟಿಂಗ್ ಟೇಬಲ್ ಮೇಲೆ ಬೇಕಾದ್ದನ್ನು ಇಟ್ಟುಕೊಂಡು ಉಳಿದದ್ದನ್ನು ಬಿಸಾಡಬಹುದು. ಅನಿಮೇಷನ್‌ನಲ್ಲಿ ಆ ಸೌಕರ್ಯವಿಲ್ಲ. ಸಿನಿಮಾ ಒಂದು ಸೆಕೆಂಡಿಗೆ 24 ಫ್ರೇಮಿನಂತೆ ಓಡುತ್ತದೆ. ಒಂದು ಚಿತ್ರವನ್ನು ಎರಡು ಫ್ರೇಮಿಗೆ ಹಿಡಿದಿಡುವ ವಾಡಿಕೆಯಿದೆ. ಹಾಗೆ ಮಿತವಾಗಿ ಲೆಕ್ಕ ಹಾಕಿದರೂ ಒಂದು ಪಾತ್ರದ ಒಂದು ನಿಮಿಷದ ಚಲನೆಗೆ 720 ಚಿತ್ರ ಬೇಕು. ದೊಡ್ಡ ಸ್ಟುಡಿಯೊಗಳ ನುರಿತ ಕಲಾವಿದರೂ ವಾರಕ್ಕೆ ಕೆಲವೇ ಸೆಕೆಂಡಿನಷ್ಟು ಕೆಲಸ ಮುಗಿಸುತ್ತಾರೆ. ಹೀಗಿರುವಾಗ ಒಂದು ನಿಮಿಷದ ದೃಶ್ಯ ಬೇಡವೆಂದು ಕೊನೆಯಲ್ಲಿ ಕತ್ತರಿಸಿದರೆ ಹಲವರ ತಿಂಗಳುಗಟ್ಟಲೆ ಶ್ರಮ ನೀರುಪಾಲು.

ಹಾಗಾಗಿ ಚಲನೆಯ ಕೆಲಸ ಆರಂಭವಾಗುವ ಮೊದಲೇ ಇಡೀ ಚಿತ್ರವನ್ನು ಸಣ್ಣ ಚೌಕಗಳಲ್ಲಿ ಬರೆದು ಗೋಡೆಗೆ ಅಂಟಿಸಿ ನೋಡುವ ಪದ್ಧತಿ ಬಂತು. 1930ರ ದಶಕದ ಆರಂಭದಲ್ಲಿ ಡಿಸ್ನಿ ಸ್ಟುಡಿಯೊದಲ್ಲಿ ಬೇರುಬಿಟ್ಟ ಈ ಸ್ಟೋರಿಬೋರ್ಡ್ ಇವತ್ತು ಎಲ್ಲ ಸಿನಿಮಾದವರ ಸೊತ್ತು. ಚೌಕಗಳನ್ನು ಫೋಟೊ ತೆಗೆದು, ಪ್ರತಿ ಚೌಕ ಪರದೆಯ ಮೇಲೆ ಎಷ್ಟು ಹೊತ್ತು ಇರಬೇಕೆಂದು ನಿಗದಿ ಮಾಡಿ, ತಾತ್ಕಾಲಿಕ ಧ್ವನಿ ಮತ್ತು ಸಂಗೀತ ಸೇರಿಸಿದರೆ ಅದು ಅನಿಮ್ಯಾಟಿಕ್. ಚಿತ್ರ ಕುಣಿಯುವುದಿಲ್ಲ, ಬಣ್ಣವಿಲ್ಲ. ಆದರೂ ಕಥೆ ನಿಲ್ಲುತ್ತದೆಯೋ ಬೀಳುತ್ತದೆಯೋ ಎನ್ನುವುದು ಅಲ್ಲೇ ಗೊತ್ತಾಗುತ್ತದೆ. ತಾತ್ಕಾಲಿಕ ಧ್ವನಿಯನ್ನು ಸ್ಟುಡಿಯೊದ ಮಂದಿಯೇ ಕೊಡುತ್ತಾರೆ. ಕೆಲವೊಮ್ಮೆ ಅದೇ ಉಳಿದುಬಿಡುವುದೂ ಉಂಟು. ‘ದಿ ಇನ್‌ಕ್ರೆಡಿಬಲ್ಸ್’ (2004) ಚಿತ್ರದ ಎಡ್ನಾ ಮೋಡ್ ಎಂಬ ಗಿಡ್ಡ ವಸ್ತ್ರವಿನ್ಯಾಸಕಿಯ ದನಿ ಆ ಚಿತ್ರವನ್ನು ಬರೆದು ನಿರ್ದೇಶಿಸಿದ ಬ್ರಾಡ್ ಬರ್ಡ್ ಅವರದೇ.

ಬರೆಯುವವರೇ ನಿರ್ದೇಶಿಸುವ ಪರಿಪಾಠ ಅನಿಮೇಷನ್‌ನಲ್ಲಿ ಏಕೆ ಇಷ್ಟು ಗಟ್ಟಿಯಾಗಿದೆ ಎನ್ನುವುದಕ್ಕೆ ಕಾರಣವೂ ಇಲ್ಲೇ ಇದೆ. ಕಥೆ ತಿದ್ದುವುದು ಮತ್ತು ಶಾಟ್ ತಿದ್ದುವುದು ಒಂದೇ ಟೇಬಲ್ ಮೇಲೆ, ಒಂದೇ ಹೊತ್ತಿನಲ್ಲಿ ನಡೆಯುತ್ತದೆ. ಪೀಟ್ ಡಾಕ್ಟರ್ ಅವರ ‘ಇನ್‌ಸೈಡ್ ಔಟ್’ (2015) ನೋಡಿದವರಿಗೆ ಆನಂದ ಮತ್ತು ದುಃಖ ಎಂಬ ಎರಡು ಪಾತ್ರಗಳ ಪಯಣ ನೆನಪಿರುತ್ತದೆ. ಆದರೆ ಬಹುಕಾಲ ಅನಿಮ್ಯಾಟಿಕ್‌ನಲ್ಲಿ ಆನಂದದ ಜೊತೆ ಹೊರಟಿದ್ದದ್ದು ಭಯ. ಕಥೆ ಕೂಡಿಬರುತ್ತಿಲ್ಲ ಎಂದು ಒದ್ದಾಡಿದ ಡಾಕ್ಟರ್, ಮನುಷ್ಯರನ್ನು ಒಬ್ಬರಿಗೊಬ್ಬರು ಹತ್ತಿರ ತರುವುದು ದುಃಖ ಎಂದು ಹೊಳೆದ ಮೇಲೆ ಜೋಡಿಯನ್ನೇ ಬದಲಿಸಿದರು. ಚಿತ್ರದ ಜೀವವೇ ಆ ಬದಲಾವಣೆ. ಅದು ಸಾಧ್ಯವಾದದ್ದು ಕಥೆ ಇನ್ನೂ ಪೆನ್ಸಿಲ್ ಗೆರೆಗಳಲ್ಲಿ ಇದ್ದದ್ದರಿಂದ.

ಜಪಾನಿನ ಹಯಾವೊ ಮಿಯಾಜಾಕಿ ಇನ್ನೂ ಒಂದು ಹೆಜ್ಜೆ ಮುಂದೆ. ಅವರು ಸಾಮಾನ್ಯವಾಗಿ ಪೂರ್ತಿ ಚಿತ್ರಕಥೆ ಬರೆಯುವುದಿಲ್ಲ. ಸ್ಟೋರಿಬೋರ್ಡೇ ಅವರ ಬರವಣಿಗೆ. ಅದು ಮುಗಿಯುವ ಮೊದಲೇ ಚಿತ್ರ ತಯಾರಿಕೆ ಶುರುವಾಗಿರುತ್ತದೆ. ಇದನ್ನು ಕಲಿಯುವವರು ಅನುಕರಿಸಬೇಕಿಲ್ಲ, ಮಿಯಾಜಾಕಿ ಅಲ್ಲಿಗೆ ತಲುಪಿದ ದಾರಿಯನ್ನು ನೋಡಿದರೆ ಸಾಕು. ಅವರು 1963ರಲ್ಲಿ ತೋಯಿ ಸ್ಟುಡಿಯೊಗೆ ಸೇರಿದಾಗ ಮಾಡಿದ್ದು ಎರಡು ಮುಖ್ಯ ಚಿತ್ರಗಳ ನಡುವಿನ ಚಿತ್ರಗಳನ್ನು ತುಂಬುವ ಕೆಳಹಂತದ ಕೆಲಸ. ‘ನೌಸಿಕಾ’ ಕಥೆಯನ್ನು ಸಿನಿಮಾ ಮಾಡೋಣವೆಂದು ಕೇಳಿದಾಗ, ಮೂಲ ಕಾಮಿಕ್ಸ್ ಇಲ್ಲದ ಕಥೆಗೆ ಹಣ ಹಾಕುವುದಿಲ್ಲವೆಂಬ ಉತ್ತರ ಬಂತು. 1982ರಿಂದ ಅದನ್ನು ಪತ್ರಿಕೆಯೊಂದರಲ್ಲಿ ಕಾಮಿಕ್ಸ್ ಆಗಿ ಬರೆಯತೊಡಗಿದರು. ಓದುಗರು ಹೆಚ್ಚಾದರು, 1984ರಲ್ಲಿ ಸಿನಿಮಾ ಬಂತು, ಮರುವರ್ಷ ಜಿಬ್ಲಿ ಸ್ಟುಡಿಯೊ ಹುಟ್ಟಿತು. ನಿರ್ಮಾಪಕರು ಸಿಗದ ನಮ್ಮ ಬರಹಗಾರರಿಗೆ ಈ ದಾರಿ ಇವತ್ತಿಗೂ ತೆರೆದಿದೆ.

ಪದವಲ್ಲ, ಕಾಣುವ ಕೆಲಸ ಬರೆಯಿರಿ

ಕಥೆ, ಕಾದಂಬರಿ ಬರೆಯುವ ಕೈಗೆ ಮೊದಮೊದಲು ಈ ಬರವಣಿಗೆ ಒಗ್ಗುವುದಿಲ್ಲ. ‘ಅಜ್ಜಿಗೆ ತೀರಿಹೋದ ಗಂಡನ ನೆನಪು ಬಂತು’ ಎಂಬ ವಾಕ್ಯವನ್ನು ಯಾರೂ ಅನಿಮೇಟ್ ಮಾಡಲಾರರು. ಅದನ್ನೇ ಹೀಗೆ ಬರೆದು ನೋಡಿ: ಅಜ್ಜಿ ಎರಡು ಲೋಟಕ್ಕೆ ಕಾಫಿ ಬಗ್ಗಿಸುತ್ತಾಳೆ. ಎದುರಿನ ಖಾಲಿ ಮಣೆ ನೋಡುತ್ತಾಳೆ. ಎರಡನೆಯ ಲೋಟದ ಕಾಫಿಯನ್ನು ಮತ್ತೆ ಪಾತ್ರೆಗೆ ಸುರಿಯುತ್ತಾಳೆ. ಮೂರು ಚೌಕ ಸಾಕು, ಮಾತೇ ಬೇಡ. ಕೈ ಎಷ್ಟು ಹೊತ್ತು ಲೋಟದ ಮೇಲೆ ತಡೆಯಬೇಕು, ಮಣೆಯನ್ನು ಹತ್ತಿರದಿಂದ ತೋರಿಸಬೇಕೋ ದೂರದಿಂದಲೋ ಎಂಬ ಪ್ರಶ್ನೆಗಳು ಎದ್ದ ಕ್ಷಣದಿಂದ ನೀವು ನಿರ್ದೇಶನ ಆರಂಭಿಸಿದ್ದೀರಿ.

ಇಲ್ಲಿ ಇನ್ನೊಂದು ಪ್ರಶ್ನೆ ಕೇಳಿಕೊಳ್ಳಬೇಕು. ಈ ದೃಶ್ಯವನ್ನು ಕ್ಯಾಮೆರಾ ಇಟ್ಟು, ಒಬ್ಬ ಒಳ್ಳೆಯ ನಟಿಯಿಂದ ಮಾಡಿಸಬಹುದಲ್ಲ, ಅನಿಮೇಷನ್ ಏಕೆ? ಉತ್ತರವಿಲ್ಲದಿದ್ದರೆ ಕಥೆಯನ್ನು ಕಿರುಚಿತ್ರಕ್ಕೆ ಬಿಟ್ಟುಕೊಡುವುದು ಮೇಲು. ಕಾಫಿಯ ಹಬೆ ಮೇಲೇರುತ್ತ ಅಜ್ಜನ ರುಮಾಲಿನ ಆಕಾರ ತಳೆದು, ಅಜ್ಜಿ ಊದಿದ ಕೂಡಲೇ ಚದುರಿಹೋದರೆ? ಕುಂಚಕ್ಕೆ ಮಾತ್ರ ಸಾಧ್ಯವಾದ ಇಂಥದೊಂದು ಜಾಗ ಕಥೆಯ ನಡುವಿನಲ್ಲೇ ಇರಬೇಕು, ಅಂಚಿನಲ್ಲಿ ಅಲಂಕಾರವಾಗಿ ಅಲ್ಲ.

ಈ ಮಾತಿಗೆ ಭಾರತದಲ್ಲಿ ನನಗೆ ಗೊತ್ತಿರುವ ಅತ್ಯುತ್ತಮ ಸಾಕ್ಷಿ ಗೀತಾಂಜಲಿ ರಾವ್ ಅವರ ‘ಪ್ರಿಂಟೆಡ್ ರೇನ್‌ಬೋ’ (2006). ಮಹಾನಗರದ ಮನೆಯೊಂದರಲ್ಲಿ ಬೆಕ್ಕಿನ ಜೊತೆ ಒಂಟಿಯಾಗಿರುವ ಮುದುಕಿ. ಅವಳ ಸಂಪತ್ತೆಂದರೆ ಬೆಂಕಿಪೊಟ್ಟಣಗಳ ಸಂಗ್ರಹ. ಪೊಟ್ಟಣದ ಮೇಲಿನ ಚಿತ್ರ ನೋಡುತ್ತ ಅವಳು ಅದರೊಳಕ್ಕೆ ಹೊಕ್ಕುಬಿಡುತ್ತಾಳೆ. ನಗರದ ಬದುಕು ಬೂದುಬಣ್ಣದಲ್ಲಿ, ಪೊಟ್ಟಣದೊಳಗಿನ ಲೋಕ ಝಗಝಗಿಸುವ ಬಣ್ಣದಲ್ಲಿ. 15 ನಿಮಿಷದ ಈ ಚಿತ್ರವನ್ನು ಅವರು ಕೈಯಿಂದಲೇ ಬಣ್ಣ ಹಚ್ಚಿ ಮಾಡಿದರು. ಕಾನ್ ಚಿತ್ರೋತ್ಸವದ ಕ್ರಿಟಿಕ್ಸ್ ವೀಕ್ ವಿಭಾಗದಲ್ಲಿ ಅದಕ್ಕೆ ಮೂರು ಪ್ರಶಸ್ತಿಗಳು ಬಂದವು.

ಅವರ ವೃತ್ತಿಜೀವನವನ್ನು ಸ್ವಲ್ಪ ನಿಧಾನವಾಗಿ ನೋಡುವುದು ಒಳ್ಳೆಯದು. ಏಕೆಂದರೆ ಭಾರತದಲ್ಲಿ ಸ್ವತಂತ್ರ ಅನಿಮೇಷನ್ ನಿರ್ದೇಶಕರ ಹಾದಿ ಹೆಚ್ಚುಕಡಿಮೆ ಹೀಗೆಯೇ ಇರುತ್ತದೆ. 1994ರಲ್ಲಿ ಮುಂಬೈನ ಜೆ.ಜೆ. ಅನ್ವಯಿಕ ಕಲಾ ಸಂಸ್ಥೆಯಿಂದ ಪದವಿ. ಜೊತೆಗೆ ರಂಗಭೂಮಿಯಲ್ಲಿ ನಟನೆ. ಅನಿಮೇಷನ್‌ನಲ್ಲಿ ಪದವಿ ಇಲ್ಲ. ರಾಮ್ ಮೋಹನ್ ಅವರ ಸ್ಟುಡಿಯೊದಲ್ಲಿ ಕೆಲಸ ಮಾಡುತ್ತ ಕಲಿತರು. ಜಾಹೀರಾತು ಚಿತ್ರಗಳಿಂದ ಜೀವನ, ಬಿಡುವಿನಲ್ಲಿ ಸ್ವಂತ ಚಿತ್ರ. ಪೂರ್ಣಪ್ರಮಾಣದ ಮೊದಲ ಚಿತ್ರ ‘ಬಾಂಬೆ ರೋಸ್’ ಬರಲು 2019 ಆಗಬೇಕಾಯಿತು. ಸುಮಾರು 60 ಕಲಾವಿದರು ಒಂದೂವರೆ ವರ್ಷ ಫ್ರೇಮ್ ಫ್ರೇಮಿಗೂ ಬಣ್ಣ ಹಚ್ಚಿದ ಈ ಚಿತ್ರ ವೆನಿಸ್ ಉತ್ಸವದ ಕ್ರಿಟಿಕ್ಸ್ ವೀಕ್‌ನ ಉದ್ಘಾಟನಾ ಚಿತ್ರವಾಯಿತು, 2021ರಲ್ಲಿ ನೆಟ್‌ಫ್ಲಿಕ್ಸ್‌ಗೆ ಬಂತು. ನಡುವೆ ‘ಅಕ್ಟೋಬರ್’ (2018) ಹಿಂದಿ ಚಿತ್ರದಲ್ಲಿ ತಾಯಿಯ ಪಾತ್ರವನ್ನೂ ಮಾಡಿದರು. ನಟನೆ ಬಲ್ಲವರು ಒಳ್ಳೆಯ ಅನಿಮೇಷನ್ ನಿರ್ದೇಶಕರಾಗುತ್ತಾರೆ ಎನ್ನುವ ಮಾತಿಗೆ ಅವರೇ ಉದಾಹರಣೆ. ಊರಿನಲ್ಲಿ ಹವ್ಯಾಸಿ ನಾಟಕ ತಂಡವಿದ್ದರೆ ಮೊದಲು ಅಲ್ಲಿ ಸೇರಿಕೊಳ್ಳಿ.

ರಾಮ್ ಮೋಹನ್ ಹೆಸರು ಬಂದದ್ದರಿಂದ ಒಂದು ಸಣ್ಣ ಇತಿಹಾಸ. 1956ರಲ್ಲಿ ಫಿಲ್ಮ್ಸ್ ಡಿವಿಷನ್ ಮುಂಬೈಯಲ್ಲಿ ಕಾರ್ಟೂನ್ ಘಟಕ ತೆರೆದಾಗ ಡಿಸ್ನಿಯಲ್ಲಿ ಕೆಲಸ ಮಾಡಿದ್ದ ಕ್ಲೇರ್ ವೀಕ್ಸ್ ಇಲ್ಲಿಗೆ ಬಂದು ಕಲಿಸಿದರು. ಅವರ ಕೈಯಲ್ಲಿ ಕಲಿತ ಮೊದಲಿಗರಲ್ಲಿ ರಾಮ್ ಮೋಹನ್ ಒಬ್ಬರು. ಮುಂದೆ ಜಪಾನಿನ ಯುಗೊ ಸಾಕೊ ಜೊತೆ ‘ರಾಮಾಯಣ: ದಿ ಲೆಜೆಂಡ್ ಆಫ್ ಪ್ರಿನ್ಸ್ ರಾಮ’ ಚಿತ್ರ ನಿರ್ದೇಶಿಸಿದರು. 2014ರಲ್ಲಿ ಪದ್ಮಶ್ರೀ, 2019ರಲ್ಲಿ ನಿಧನ. ಗುರುವಿನ ಹತ್ತಿರ ಕೂತು ಕಲಿಯುವ ಈ ಸರಣಿ ನಮ್ಮಲ್ಲಿ ಇನ್ನೂ ಕಡಿದಿಲ್ಲ.

ಸ್ಟುಡಿಯೊದೊಳಗಿನ ಏಣಿ

ದೊಡ್ಡ ಸ್ಟುಡಿಯೊದ ಮೂಲಕ ನಿರ್ದೇಶಕರಾಗುವವರಲ್ಲಿ ಬಹುಮಂದಿ ಸ್ಟೋರಿಬೋರ್ಡ್ ವಿಭಾಗದಿಂದ ಬಂದವರು. ಚೀನಾದಲ್ಲಿ ಹುಟ್ಟಿ ಕೆನಡಾದ ಟೊರಾಂಟೊದಲ್ಲಿ ಬೆಳೆದ ಡೋಮಿ ಶೀ 2011ರಲ್ಲಿ ಪಿಕ್ಸಾರ್‌ಗೆ ಸ್ಟೋರಿ ವಿಭಾಗದ ಇಂಟರ್ನ್ ಆಗಿ ಸೇರಿದರು. ಬೇರೆಯವರ ಚಿತ್ರಕ್ಕೆ ಬೋರ್ಡ್ ಬರೆಯುತ್ತಲೇ ತನ್ನದೊಂದು ಪುಟ್ಟ ಕಥೆಯನ್ನು ಬಿಡುವಿನಲ್ಲಿ ಬರೆದಿಟ್ಟುಕೊಂಡಿದ್ದರು. ಒಬ್ಬ ತಾಯಿ ಮಾಡಿದ ಹಬೆಯ ಕಡುಬಿಗೆ ಜೀವ ಬಂದು ಅದು ಮಗನಂತೆ ಬೆಳೆಯುವ ಕಥೆ. ಅದೇ ‘ಬಾವೊ’ (2018). ಪಿಕ್ಸಾರ್‌ನಲ್ಲಿ ಕಿರುಚಿತ್ರ ನಿರ್ದೇಶಿಸಿದ ಮೊದಲ ಮಹಿಳೆ ಅವರು. ಚಿತ್ರಕ್ಕೆ ಆಸ್ಕರ್ ಬಂತು, 2022ರಲ್ಲಿ ‘ಟರ್ನಿಂಗ್ ರೆಡ್’ ಪೂರ್ಣಚಿತ್ರ ಸಿಕ್ಕಿತು. ಅದೇ ಪಿಕ್ಸಾರ್‌ನಲ್ಲಿ ಸಂಜಯ್ ಪಟೇಲ್ ತನ್ನ ಬಾಲ್ಯದ ಪೂಜೆಯ ಕೋಣೆಯನ್ನೇ ಕಥೆ ಮಾಡಿಕೊಂಡು ‘ಸಂಜಯ್ಸ್ ಸೂಪರ್ ಟೀಮ್’ (2015) ಮಾಡಿದರು. ಇಬ್ಬರಿಗೂ ಹೆಸರು ತಂದದ್ದು ಮನೆಯೊಳಗಿನ ಕಥೆ.

ನಮ್ಮ ದೇಶದ ಸ್ಟುಡಿಯೊಗಳಲ್ಲಿ ಏಣಿ ಸ್ವಲ್ಪ ಬೇರೆ. ಇಲ್ಲಿನ ಕೆಲಸದಲ್ಲಿ ದೊಡ್ಡ ಪಾಲು ಹೊರದೇಶದ ಕಂಪನಿಗಳಿಗೆ ಮಾಡಿಕೊಡುವ ಗುತ್ತಿಗೆ ಕೆಲಸ. ಕಥೆ ಮತ್ತು ಬೋರ್ಡ್ ಅಲ್ಲಿಂದ ಸಿದ್ಧವಾಗಿ ಬರುತ್ತದೆ, ಚಲನೆ, ಬೆಳಕು, ಬಣ್ಣ ಇಲ್ಲಿ ಆಗುತ್ತದೆ. ಈ ವ್ಯವಸ್ಥೆಯಲ್ಲಿ ಹತ್ತು ವರ್ಷ ದುಡಿದರೂ ಕಥೆಯ ಕೋಣೆಗೆ ಕಾಲಿಡದೆ ಉಳಿದವರು ಎಷ್ಟೋ ಮಂದಿ. ಆದ್ದರಿಂದ ಕೆಲಸಕ್ಕೆ ಸೇರುವಾಗಲೇ ಆ ಸ್ಟುಡಿಯೊ ಸ್ವಂತ ಕಥೆಗಳನ್ನು ಮಾಡುತ್ತದೆಯೇ ಎಂದು ವಿಚಾರಿಸಿ. ಹೈದರಾಬಾದಿನ ಗ್ರೀನ್ ಗೋಲ್ಡ್ ಸಂಸ್ಥೆ 2008ರಿಂದ ‘ಛೋಟಾ ಭೀಮ್’ ನಡೆಸಿಕೊಂಡು ಬಂದ ಮೇಲೆ ಟಿವಿ ಸರಣಿಗಳಿಗೆ ಬರೆಯುವವರಿಗೆ ಒಂದು ಮಾರುಕಟ್ಟೆ ಹುಟ್ಟಿದೆ. ಮಕ್ಕಳ ಸರಣಿಯ ಕಂತು ಸಾಮಾನ್ಯವಾಗಿ 11 ಅಥವಾ 22 ನಿಮಿಷದ್ದು. ಬರಹಗಾರ ಮೊದಲು ನಾಲ್ಕಾರು ಸಾಲಿನ ಕಥಾಬೀಜ ಕೊಡಬೇಕು, ಒಪ್ಪಿಗೆಯಾದರೆ ಒಂದೆರಡು ಪುಟದ ರೂಪರೇಖೆ, ಆಮೇಲೆ ಚಿತ್ರಕಥೆ. ಪಾತ್ರಗಳ ಸ್ವಭಾವ, ಅವರ ಊರು, ಅವರು ಏನನ್ನು ಎಂದಿಗೂ ಮಾಡುವುದಿಲ್ಲ ಎಂಬುದೆಲ್ಲ ‘ಬೈಬಲ್’ ಎಂದು ಕರೆಯುವ ಕೈಪಿಡಿಯಲ್ಲಿ ಇರುತ್ತದೆ. ಅದನ್ನು ಓದದೆ ಬರೆದ ಕಥಾಬೀಜ ಮೊದಲ ಸುತ್ತಿನಲ್ಲೇ ಬೀಳುತ್ತದೆ.

ಕನ್ನಡ ಚೆನ್ನಾಗಿ ಬಲ್ಲವರಿಗೆ ಇನ್ನೊಂದು ಬಾಗಿಲಿದೆ: ಡಬ್ಬಿಂಗ್ ಸಂಭಾಷಣೆ. ದೊಡ್ಡವರ ಸಿನಿಮಾಗಳ ಡಬ್ಬಿಂಗ್‌ಗೆ ಇಲ್ಲಿ ದಶಕಗಳ ಕಾಲ ವಿರೋಧವಿದ್ದಾಗಲೂ 2009ರಲ್ಲಿ ಶುರುವಾದ ಚಿಂಟು ಟಿವಿಯಲ್ಲಿ ಕಾರ್ಟೂನುಗಳು ಕನ್ನಡ ಮಾತಾಡುತ್ತಿದ್ದವು. ಈಗ ಒಟಿಟಿಗಳಿಂದಾಗಿ ಈ ಕೆಲಸಕ್ಕೆ ಇನ್ನಷ್ಟು ಅವಕಾಶವಿದೆ. ಪಾತ್ರದ ತುಟಿ ಎಷ್ಟು ಹೊತ್ತು ಅಲ್ಲಾಡುತ್ತದೋ ಅಷ್ಟರೊಳಗೆ, ಮಗು ಬಾಯಲ್ಲಿ ಆಡಬಹುದಾದ ಕನ್ನಡದಲ್ಲಿ, ತಮಾಷೆ ಕೆಡದಂತೆ ಬರೆಯುವ ಈ ಶಿಸ್ತು ಸಂಭಾಷಣೆಯ ಕಿವಿಯನ್ನು ಚೂಪು ಮಾಡುತ್ತದೆ. ಇದನ್ನು ಕೀಳು ಕೆಲಸವೆಂದು ತಳ್ಳಿಹಾಕಬೇಡಿ.

ಎಲ್ಲಿ ಕಲಿಯಬಹುದು?

ಅಹಮದಾಬಾದಿನ ರಾಷ್ಟ್ರೀಯ ವಿನ್ಯಾಸ ಸಂಸ್ಥೆಯ ಅನಿಮೇಷನ್ ಫಿಲ್ಮ್ ಡಿಸೈನ್ ವಿಭಾಗ ದೇಶದಲ್ಲಿ ಈ ವಿಷಯಕ್ಕೆ ಮೊದಲು ನೆನಪಾಗುವ ಜಾಗ. ಪ್ರವೇಶಕ್ಕೆ ‘ಡ್ಯಾಟ್’ ಎಂಬ ಪರೀಕ್ಷೆ ಬರೆಯಬೇಕು. ಮುಂಬೈ ಐಐಟಿಯ ವಿನ್ಯಾಸ ಶಾಲೆ ಐಡಿಸಿಯಲ್ಲಿ ಸ್ನಾತಕೋತ್ತರ ಹಂತದಲ್ಲಿ ಅನಿಮೇಷನ್ ಇದೆ, ಅದಕ್ಕೆ ‘ಸೀಡ್’ ಪರೀಕ್ಷೆ. ಪಿಯುಸಿ ನಂತರ ವಿನ್ಯಾಸ ಪದವಿ ಸೇರಲು ‘ಯುಸೀಡ್’. ವಿಜ್ಞಾನ, ವಾಣಿಜ್ಯ, ಕಲೆ ಯಾವ ವಿಭಾಗದವರೂ ಅದನ್ನು ಬರೆಯಬಹುದು. ಪದವಿ ಮುಗಿಸಿದವರಿಗೆ ಕೋಲ್ಕತ್ತಾದ ಸತ್ಯಜಿತ್ ರಾಯ್ ಫಿಲ್ಮ್ ಸಂಸ್ಥೆಯಲ್ಲಿ ಅನಿಮೇಷನ್ ಸಿನಿಮಾ ಕೋರ್ಸ್ ಇದೆ. ನಿರ್ದೇಶಕರಾಗುವ ಆಸೆಯಿದ್ದವರಿಗೆ ಇದು ಬಹಳ ಒಳ್ಳೆಯ ಆಯ್ಕೆ ಎಂಬುದು ನನ್ನ ಅಭಿಪ್ರಾಯ. ಸುತ್ತಮುತ್ತ ಸಂಕಲನ, ಧ್ವನಿ, ಛಾಯಾಗ್ರಹಣ ಕಲಿಯುವವರು ಇರುತ್ತಾರೆ, ಸಿನಿಮಾದ ವಾತಾವರಣದಲ್ಲೇ ಕಲಿಕೆ ನಡೆಯುತ್ತದೆ.

ಕರ್ನಾಟಕದಲ್ಲಿ ಗೆರೆಯ ಅಡಿಪಾಯ ಹಾಕಿಕೊಳ್ಳಲು ಬೆಂಗಳೂರಿನ ಚಿತ್ರಕಲಾ ಪರಿಷತ್ತು, ಮೈಸೂರಿನ ಕಾವಾ ಇವೆ. ಅನಿಮೇಷನ್, ವಿಷುವಲ್ ಎಫೆಕ್ಟ್ಸ್, ಗೇಮಿಂಗ್, ಕಾಮಿಕ್ಸ್ ಎಲ್ಲ ಸೇರಿದ ‘ಎವಿಜಿಸಿ’ ವಲಯಕ್ಕೆ ಪ್ರತ್ಯೇಕ ನೀತಿ ತಂದ ಮೊದಲ ರಾಜ್ಯವೇ ಕರ್ನಾಟಕ, ಅದು 2012ರಲ್ಲಿ. 2024ರಿಂದ 2029ರವರೆಗಿನ ಹೊಸ ನೀತಿಯೂ ಜಾರಿಯಲ್ಲಿದೆ. ಬೆಂಗಳೂರಿನ ಅನಿಮೇಷನ್ ಉದ್ಯಮಿಗಳ ಸಂಘ ‘ಅಬಾಯ್’ ಸರ್ಕಾರದ ಜೊತೆಗೂಡಿ ಉತ್ಕೃಷ್ಟತಾ ಕೇಂದ್ರವನ್ನು ನಡೆಸುತ್ತಿದೆ. ಅದರ ತರಬೇತಿ ಮತ್ತು ಕಾರ್ಯಕ್ರಮಗಳ ಮೇಲೆ ಕಣ್ಣಿಟ್ಟಿರಿ.

ಖಾಸಗಿ ತರಬೇತಿ ಕೇಂದ್ರಗಳ ವಿಷಯದಲ್ಲಿ ತಂದೆತಾಯಿಗಳಿಗೆ ಒಂದು ಕಿವಿಮಾತು. ನೂರಕ್ಕೆ ನೂರು ಉದ್ಯೋಗ ಎಂಬ ಫಲಕ ನೋಡಿ ಲಕ್ಷಗಟ್ಟಲೆ ಸಾಲ ಮಾಡಬೇಡಿ. ಶುಲ್ಕ ಕಟ್ಟುವ ಮೊದಲು ಮೂರು ಕೇಳಿ ತಿಳಿಯಿರಿ: ಜೀವಂತ ಮನುಷ್ಯರನ್ನು ನೋಡಿ ಚಿತ್ರ ಬಿಡಿಸುವ ತರಗತಿ ವಾರಕ್ಕೆ ಎಷ್ಟಿದೆ, ಸ್ಟೋರಿಬೋರ್ಡ್ ಕಲಿಸುವವರು ಸ್ವತಃ ಯಾವ ಚಿತ್ರಕ್ಕೆ ಕೆಲಸ ಮಾಡಿದ್ದಾರೆ, ಕಳೆದ ವರ್ಷದ ವಿದ್ಯಾರ್ಥಿಗಳು ಮಾಡಿದ ಕಿರುಚಿತ್ರ ತೋರಿಸುತ್ತೀರಾ. ಮೂರನೆಯದಕ್ಕೆ ತಡವರಿಸಿದರೆ ಅಲ್ಲಿಂದ ಎದ್ದು ಬನ್ನಿ.

ಉಪಕರಣದ ಮಾತು ಬೇಗ ಮುಗಿಸಬಹುದು. ಬ್ಲೆಂಡರ್, ಚಿತ್ರ ಬಿಡಿಸಲು ಕ್ರಿಟಾ, ಕೈಯಿಂದ ಬಿಡಿಸುವ ಅನಿಮೇಷನ್‌ಗೆ ಓಪನ್‌ಟೂನ್ಜ್, ಬೋರ್ಡ್ ಜೋಡಿಸಲು ಸ್ಟೋರಿಬೋರ್ಡರ್ ಎಲ್ಲವೂ ಉಚಿತ. ಓಪನ್‌ಟೂನ್ಜ್‌ನ ಮೂಲ ತಂತ್ರಾಂಶವನ್ನು ಜಿಬ್ಲಿ ಸ್ಟುಡಿಯೊ ಬಳಸಿದೆ. ಆರಂಭಕ್ಕೆ ಇಷ್ಟು ಧಾರಾಳ ಸಾಕು. ಬಾಲ್‌ಪೆನ್ನು, ನೂರು ಪುಟದ ನೋಟ್‌ಬುಕ್ಕು ಇದ್ದರೂ ಸಾಕು.

ಕೆಲಸ ಕೇಳುವಾಗ ತೋರಿಸಬೇಕಾದ್ದು

ಬರಹಗಾರ ಅಥವಾ ಸ್ಟೋರಿಬೋರ್ಡ್ ಹುದ್ದೆಗೆ ಅರ್ಜಿ ಹಾಕುವವರು ಹೊಳೆಯುವ ಮೂರು ಆಯಾಮದ ಮಾದರಿಗಳನ್ನು ತುಂಬಿ ಕಳಿಸುತ್ತಾರೆ. ಆಯ್ಕೆ ಮಾಡುವವರು ನೋಡಬಯಸುವುದು ಇವರಿಗೆ ಕಥೆ ಹೇಳಲು ಬರುತ್ತದೆಯೇ ಎಂದು. ಎರಡು ಮೂರು ದೃಶ್ಯಗಳ ಪೂರ್ತಿ ಸ್ಟೋರಿಬೋರ್ಡ್ ಇರಲಿ. ಅವುಗಳಲ್ಲಿ ಇಬ್ಬರು ಕೂತು ಮಾತಾಡುವ ದೃಶ್ಯ ಒಂದು ಇರಲೇಬೇಕು. ಓಟ, ಜಗಳ ಬರೆಯುವುದು ಸುಲಭ. ಅತ್ತೆ ಸೊಸೆ ಒಂದೇ ಅಡುಗೆಮನೆಯಲ್ಲಿ ಮಾತಿಲ್ಲದೆ ತರಕಾರಿ ಹೆಚ್ಚುವುದನ್ನು ನೋಡುಗರು ಉಸಿರು ಹಿಡಿದು ನೋಡುವಂತೆ ಬರೆಯುವುದು ಕಷ್ಟ. ಜೊತೆಗೆ ನೀವೇ ಬರೆದು ನಿರ್ದೇಶಿಸಿದ ಒಂದು ನಿಮಿಷದ ಚಿತ್ರ ಇರಲಿ. ಒರಟಾಗಿದ್ದರೂ ಪರವಾಗಿಲ್ಲ, ಮುಗಿದಿರಬೇಕು. ಅರ್ಧಕ್ಕೆ ನಿಂತ ಹತ್ತು ಮಹತ್ವಾಕಾಂಕ್ಷೆಯ ಯೋಜನೆಗಳಿಗಿಂತ ಮುಗಿದ ಒಂದು ನಿಮಿಷಕ್ಕೆ ಬೆಲೆ ಹೆಚ್ಚು.

ಬೋರ್ಡ್ ಸರಿಯಾಗಿದೆಯೇ ಎಂದು ಪರೀಕ್ಷಿಸುವ ಸುಲಭ ವಿಧಾನವೊಂದಿದೆ. ಕಥೆ ಗೊತ್ತಿಲ್ಲದ ಯಾರ ಮುಂದಾದರೂ ಚೌಕಗಳನ್ನು ಇಟ್ಟು ‘ಇಲ್ಲಿ ಏನಾಗುತ್ತಿದೆ ಹೇಳಿ’ ಎನ್ನಿ. ನೀವು ಬಾಯಿ ಬಿಡಬಾರದು. ಅವರು ಎಲ್ಲಿ ತಡವರಿಸುತ್ತಾರೋ ಅಲ್ಲಿ ಒಂದು ಚೌಕ ಕಡಿಮೆಯಾಗಿದೆ, ಅಥವಾ ಕ್ಯಾಮೆರಾ ತಪ್ಪು ಜಾಗದಲ್ಲಿದೆ.

ಚಿತ್ರ ಮುಗಿದ ಮೇಲೆ ಅದನ್ನು ಮನೆಯಲ್ಲಿ ಇಟ್ಟುಕೊಳ್ಳಬೇಡಿ. 1990ರಲ್ಲಿ ಆರಂಭವಾದ ಮುಂಬೈ ಅಂತರರಾಷ್ಟ್ರೀಯ ಚಿತ್ರೋತ್ಸವ ಸಾಕ್ಷ್ಯಚಿತ್ರ, ಕಿರುಚಿತ್ರ ಮತ್ತು ಅನಿಮೇಷನ್‌ಗೆಂದೇ ಇರುವಂಥದ್ದು. ಫ್ರಾನ್ಸಿನ ಆನೆಸಿ ಉತ್ಸವ 1960ರಿಂದ ನಡೆಯುತ್ತಿದೆ. ಪ್ರತಿ ಜೂನ್‌ನಲ್ಲಿ ಲೋಕದ ಅನಿಮೇಷನ್ ಮಂದಿಯೆಲ್ಲ ಅಲ್ಲಿ ಸೇರುತ್ತಾರೆ. ನಮ್ಮ ರಾಷ್ಟ್ರೀಯ ಚಲನಚಿತ್ರ ಪ್ರಶಸ್ತಿಗಳಲ್ಲಿಯೂ ಅನಿಮೇಷನ್‌ಗೆ ಸ್ಥಾನವಿದೆ.

ಹಣ ಮತ್ತು ಹಕ್ಕು

ಬಣ್ಣದ ಮಾತು ಬೇಡ. ಆರಂಭದ ವರ್ಷಗಳಲ್ಲಿ ಸಂಬಳ ಸಾಧಾರಣ, ದುಡಿಮೆ ದೀರ್ಘ. 2025ರ ಫೆಬ್ರವರಿಯಲ್ಲಿ ಫ್ರಾನ್ಸ್ ಮೂಲದ ಟೆಕ್ನಿಕಲರ್ ಸಮೂಹ ಕುಸಿದಾಗ ಬೆಂಗಳೂರಿನ ಅದರ ಸ್ಟುಡಿಯೊವೂ ಬಾಗಿಲು ಹಾಕಿತು, ಭಾರತದಲ್ಲಿ ಸಾವಿರಾರು ಮಂದಿ ಕೆಲಸ ಕಳೆದುಕೊಂಡರು. ಅವರಲ್ಲಿ ಯಾರ ಕೌಶಲಕ್ಕೂ ಕೊರತೆ ಇರಲಿಲ್ಲ. ಹೊರದೇಶದ ಗುತ್ತಿಗೆಯನ್ನೇ ನಂಬಿದ ಉದ್ಯಮದ ಅಪಾಯ ಅದು. ಯಂತ್ರಬುದ್ಧಿಯಿಂದ ನಡುಚಿತ್ರ ತುಂಬುವಂಥ ಕೆಲಸಗಳು ಕಡಿಮೆಯಾಗಬಹುದೆಂಬ ಆತಂಕಕ್ಕೂ ಕಾರಣವಿದೆ. ಎರಡಕ್ಕೂ ನನಗೆ ಕಾಣುವ ರಕ್ಷಣೆ ಒಂದೇ: ನಿಮ್ಮದೇ ಆದ ಕಥೆ, ಮತ್ತು ಅದರ ಮೇಲಿನ ಹಕ್ಕು.

ಹಕ್ಕಿನ ವಿಷಯದಲ್ಲಿ ನಮ್ಮ ಬರಹಗಾರರು ತೀರಾ ಅಲಕ್ಷ್ಯ ತೋರುತ್ತಾರೆ. 1957ರ ಕೃತಿಸ್ವಾಮ್ಯ ಕಾಯ್ದೆ ಬರೀ ಹೊಳಹಿಗೆ ರಕ್ಷಣೆ ಕೊಡುವುದಿಲ್ಲ. ಬರೆದಿಟ್ಟ ಕಥೆಗೆ, ಬಿಡಿಸಿಟ್ಟ ಪಾತ್ರಕ್ಕೆ ಮಾತ್ರ ಕೊಡುತ್ತದೆ. ಆದ್ದರಿಂದ ಯಾರಿಗೇ ಆಗಲಿ ಕಥೆ ಹೇಳಲು ಹೋಗುವ ಮೊದಲು ಕಾಗದಕ್ಕೆ ಇಳಿಸಿ. ಮುಂಬೈನ ಸ್ಕ್ರೀನ್‌ರೈಟರ್ಸ್ ಅಸೋಸಿಯೇಷನ್ ಸದಸ್ಯರಾದರೆ ಆನ್‌ಲೈನ್‌ನಲ್ಲಿಯೇ ಕಥೆ ನೋಂದಾಯಿಸಬಹುದು. ಸಂಬಳಕ್ಕಿರುವಾಗ ಕೆಲಸದ ಭಾಗವಾಗಿ ಮಾಡಿದ್ದು, ಬೇರೆ ಒಪ್ಪಂದವಿಲ್ಲದಿದ್ದರೆ, ಕಂಪನಿಯದಾಗುತ್ತದೆ. ರಾತ್ರಿ ಮನೆಯಲ್ಲಿ ಬರೆದ ಸ್ವಂತ ಕಥೆಯೂ ತಮ್ಮದೇ ಎನ್ನುವ ಷರತ್ತನ್ನು ಕೆಲವು ನೇಮಕಾತಿ ಪತ್ರಗಳಲ್ಲಿ ಸೇರಿಸಿರುತ್ತಾರೆ. ಸಹಿ ಹಾಕುವ ಮೊದಲು ಓದಿ, ಬೇಡವೆನ್ನಿಸಿದರೆ ಹೇಳಿ. ಹಕ್ಕು ಬರೆದುಕೊಡುವ ಪತ್ರದಲ್ಲಿ ಅವಧಿ ನಮೂದಿಸದಿದ್ದರೆ ಕಾನೂನು ಅದನ್ನು 5 ವರ್ಷವೆಂದೂ, ಪ್ರದೇಶ ನಮೂದಿಸದಿದ್ದರೆ ಭಾರತಕ್ಕೆ ಮಾತ್ರವೆಂದೂ ಪರಿಗಣಿಸುತ್ತದೆ. 2012ರ ತಿದ್ದುಪಡಿಯ ನಂತರ, ಚಿತ್ರಮಂದಿರದ ಪ್ರದರ್ಶನ ಬಿಟ್ಟು ಇತರ ಬಳಕೆಗಳಿಂದ ಬರುವ ರಾಯಧನದಲ್ಲಿ ಬರಹಗಾರರ ಪಾಲನ್ನು ನಿರ್ಮಾಪಕರು ಬರೆಸಿಕೊಳ್ಳುವಂತಿಲ್ಲ. ಇಷ್ಟು ತಿಳಿದಿದ್ದರೆ ಮಾತುಕತೆಯ ಮೇಜಿನಲ್ಲಿ ಬೆನ್ನು ನೆಟ್ಟಗಿರುತ್ತದೆ.

ನಮ್ಮಲ್ಲಿರುವ ಕಥೆ

ಬೆಂಗಳೂರಿನ ವಿ. ರವಿಶಂಕರ್ ‘ಗೋವಿನ ಹಾಡಿ’ನ ಕಥೆಯನ್ನು ‘ಪುಣ್ಯಕೋಟಿ’ ಎಂಬ ಸಂಸ್ಕೃತ ಅನಿಮೇಷನ್ ಚಿತ್ರವಾಗಿ ಬರೆದು ನಿರ್ದೇಶಿಸಿದರು. ಹಣದ ಒಂದು ಭಾಗ ಬಂದದ್ದು ಜನರ ದೇಣಿಗೆಯಿಂದ, ಸಂಗೀತ ಇಳಯರಾಜ ಅವರದು, 2020ರಲ್ಲಿ ಚಿತ್ರ ನೆಟ್‌ಫ್ಲಿಕ್ಸ್ ತಲುಪಿತು. ಕನ್ನಡಿಗರೆಲ್ಲರೂ ಬಲ್ಲ ಕಥೆಗೆ ಹೀಗೊಂದು ದಾರಿ ಸಿಕ್ಕಿತು. 2025ರ ಜುಲೈನಲ್ಲಿ ಅಶ್ವಿನ್ ಕುಮಾರ್ ನಿರ್ದೇಶನದ ‘ಮಹಾವತಾರ ನರಸಿಂಹ’ವನ್ನು ನಮ್ಮ ಹೊಂಬಾಳೆ ಫಿಲ್ಮ್ಸ್ ಕನ್ನಡವೂ ಸೇರಿದಂತೆ ಹಲವು ಭಾಷೆಗಳಲ್ಲಿ ತೆರೆಗೆ ತಂದಾಗ ಗಳಿಕೆ 300 ಕೋಟಿ ರೂಪಾಯಿ ದಾಟಿತು. ಅನಿಮೇಷನ್ ಎಂದರೆ ಮಕ್ಕಳಾಟ, ಚಿತ್ರಮಂದಿರಕ್ಕೆ ಯಾರು ಬರುತ್ತಾರೆ ಎಂದು ಕೇಳುತ್ತಿದ್ದ ನಿರ್ಮಾಪಕರ ಬಾಯಿ ಈಗ ಕಟ್ಟಿದೆ.

ಪುರಾಣದಾಚೆಗೂ ನೋಡಬೇಕು ಎಂಬುದು ನನ್ನ ಆಸೆ. ಲೊಟ್ಟೆ ರೈನಿಗರ್ ಎಂಬ ಜರ್ಮನ್ ಕಲಾವಿದೆ ಕಪ್ಪು ಕಾಗದದ ಬೊಂಬೆ ಕತ್ತರಿಸಿ, ನೆರಳಿನಾಟದ ರೀತಿಯಲ್ಲಿ 1926ರಲ್ಲಿ ಮಾಡಿದ ‘ಪ್ರಿನ್ಸ್ ಅಖ್ಮೆದ್’ ಇಂದು ಉಳಿದಿರುವ ಅನಿಮೇಷನ್ ಪೂರ್ಣಚಿತ್ರಗಳಲ್ಲೇ ಹಳೆಯದು. ನಮ್ಮ ತೊಗಲುಗೊಂಬೆಯಾಟದಲ್ಲಿ ಆ ಕಲೆ ಬಣ್ಣಸಮೇತ ಇದೆ. ಕೊಪ್ಪಳ ಜಿಲ್ಲೆಯ ಮೋರನಾಳದ ಭೀಮವ್ವ ಶಿಳ್ಳೇಕ್ಯಾತರ ಅವರಿಗೆ 2025ರಲ್ಲಿ ಪದ್ಮಶ್ರೀ ಬಂತು. ಪರದೆಯ ಹಿಂದೆ ಕೂತು ಒಬ್ಬರೇ ನಾಲ್ಕಾರು ಪಾತ್ರಗಳ ದನಿಯಾಗುತ್ತ, ಗೊಂಬೆ ಯಾವಾಗ ದೀಪಕ್ಕೆ ಹತ್ತಿರ ಬರಬೇಕು, ಯಾವಾಗ ದೂರ ಸರಿಯಬೇಕು ಎಂದು ನಿರ್ಧರಿಸುವ ಆ ಕಲಾವಿದರ ಮುಂದೆ ಅನಿಮೇಷನ್ ವಿದ್ಯಾರ್ಥಿಗಳು ಒಂದು ರಾತ್ರಿ ಕೂರಲೇಬೇಕು. ಗಾತ್ರ, ನೆರಳು, ದನಿ, ವೇಗ ಇವುಗಳಿಂದ ಕಥೆ ಕಟ್ಟುವುದು ಹೇಗೆಂದು ಅಲ್ಲಿ ಕಲಿಯುವಷ್ಟನ್ನು ಬೇರೆಡೆ ಕಲಿಯುವುದು ಕಷ್ಟ.

ಕನ್ನಡದಲ್ಲಿ ಮಕ್ಕಳಿಗಾಗಿ ಬರೆಯುವವರು ಬೇಕಾದಷ್ಟಿದ್ದಾರೆ. ಗೆರೆ ಬಲ್ಲ ವಿದ್ಯಾರ್ಥಿಗಳು ಪ್ರತಿ ಜಿಲ್ಲೆಯ ಕಲಾ ಶಾಲೆಯಲ್ಲಿದ್ದಾರೆ. ಇವರಿಬ್ಬರ ಪರಿಚಯವಾಗುವುದೇ ಇಲ್ಲ. ಅದಕ್ಕೊಂದು ಗಡುವು ಇಟ್ಟುಕೊಳ್ಳೋಣ. ಎಮಿಲ್ ರೆನೊ ಎಂಬಾತ ಪ್ಯಾರಿಸ್‌ನಲ್ಲಿ 1892ರ ಅಕ್ಟೋಬರ್ 28ರಂದು ಚಲಿಸುವ ಚಿತ್ರಗಳ ಮೊದಲ ಸಾರ್ವಜನಿಕ ಪ್ರದರ್ಶನ ನಡೆಸಿದ ನೆನಪಿಗೆ ಆ ದಿನವನ್ನು ಅಂತರರಾಷ್ಟ್ರೀಯ ಅನಿಮೇಷನ್ ದಿನವಾಗಿ ಆಚರಿಸುತ್ತಾರೆ. ಈ ಲೇಖನ ಓದಿದ ನೀವು ಬರಹಗಾರರಾಗಿದ್ದರೆ ಒಬ್ಬ ಚಿತ್ರಕಾರರನ್ನು, ಚಿತ್ರಕಾರರಾಗಿದ್ದರೆ ಒಬ್ಬ ಬರಹಗಾರರನ್ನು ಹುಡುಕಿಕೊಳ್ಳಿ. ಮುಂದಿನ ಅಕ್ಟೋಬರ್ 28ರೊಳಗೆ ನಿಮ್ಮ ಊರಿನ ಕಥೆಯ ಒಂದು ನಿಮಿಷದ ಚಿತ್ರವನ್ನು ಮಾಡಿ ಮುಗಿಸಿ, ಅದನ್ನು ಮೊದಲು ನಿಮ್ಮೂರ ಶಾಲೆಯ ಮಕ್ಕಳಿಗೆ ತೋರಿಸಿ.